ಕಾರಿಗಿಂತ ಸಾಸೇಜೇ ಜಾಸ್ತಿ

2025ರ ಸೆಪ್ಟೆಂಬರ್‌ನ ಒಂದು ಭಾನುವಾರ. ಜರ್ಮನಿಯ ಸ್ಟುಟ್‌ಗಾರ್ಟ್ ಊರಾಚೆ ಇರುವ ರಾಜಣ್ಣನ ಮನೆಯಲ್ಲಿ ಬಿಸಿಬೇಳೆಬಾತ್ ಅಂತ ಕರೆ ಬಂದಿತ್ತು. ನಾವು ಐದು ಜನ ತಿಂಗಳಿಗೊಮ್ಮೆ ಹೀಗೆ ಸೇರುತ್ತೇವೆ. ನಾಲ್ವರು ಸಮಯಕ್ಕೆ ಬಂದಿದ್ದೆವು. ಸೀನ ಎಂದಿನಂತೆ ಒಂದೂವರೆ ಗಂಟೆ ತಡ. ಕೈಯಲ್ಲಿ ಡ್ರಿಲ್ ಮಷೀನು ಬೇರೆ. ಅಡುಗೆಮನೆಗೆ ಒಂದು ಶೆಲ್ಫ್ ಹೊಡೆದುಕೊಡುತ್ತೇನೆ ಅಂತ ಯುಗಾದಿಯಿಂದ ಹೇಳುತ್ತಲೇ ಇದ್ದ.

"ಇವತ್ತು ಭಾನುವಾರ ಕಣೋ. ಗೋಡೆಗೆ ತೂತು ಹೊಡೆದರೆ ಕೆಳಗಿನ ಮನೆ ಅಜ್ಜಿ ನೇರ ಪೊಲೀಸರಿಗೆ ಫೋನ್ ಮಾಡುತ್ತಾರೆ" ಅಂದರು ರಾಜಣ್ಣ.

"ಯುರೋಪಿನ ಫ್ಯಾಕ್ಟರಿಗಳೇ ಸದ್ದಿಲ್ಲದೆ ಕೂತಿವೆ, ನನ್ನ ಒಂದು ಡ್ರಿಲ್ಲಿಗೆ ಯಾಕೆ ಇಷ್ಟು ಗಲಾಟೆ" ಅಂದ ಸೀನ. ಅವನ ಮಾತಿನಲ್ಲಿ ಸಂಕಟ ಇತ್ತು. ಅವನು ಗೇರ್‌ಬಾಕ್ಸ್ ಭಾಗಗಳನ್ನು ಮಾಡುವ ಒಂದು ಕಂಪನಿಯಲ್ಲಿದ್ದಾನೆ, ಅಲ್ಲಿ ಈಗ ವಾರಕ್ಕೆ ನಾಲ್ಕೇ ದಿನ ಕೆಲಸ.

ಭಟ್ಟರಿಗೆ ಇಷ್ಟು ಸಾಕಾಯಿತು. ಅವರು ಬ್ಯಾಂಕಿನವರು, ಅಂಕಿಸಂಖ್ಯೆ ಇಲ್ಲದೆ ಅವರಿಗೆ ಅನ್ನ ಇಳಿಯುವುದಿಲ್ಲ. "ಯಾವ ಕಾಲದಲ್ಲಿ ಇದ್ದೀಯಪ್ಪಾ? ಆಗಸ್ಟ್ ತಿಂಗಳ ಪಿಎಂಐ, ಅಂದರೆ ಖರೀದಿ ಮ್ಯಾನೇಜರುಗಳ ಸೂಚ್ಯಂಕ, ಬಂತು. ಯೂರೋ ವಲಯದ ಫ್ಯಾಕ್ಟರಿಗಳದ್ದು 50.7. 2022ರ ಜುಲೈಯಿಂದ ಐವತ್ತರ ಕೆಳಗೇ ಬಿದ್ದಿತ್ತು, ಈಗ ಮೇಲೆ ಬಂದಿದೆ. ಅದಕ್ಕೇ ನೋಡು, ಮೈಸೂರುಪಾಕ್ ತಂದಿದ್ದೀನಿ."

"ನೂರಕ್ಕೆ ಐವತ್ತು ಬಂದರೆ ಸ್ವೀಟಾ? ನಮ್ಮಪ್ಪ ಬೆಲ್ಟ್ ತೆಗೆಯುತ್ತಿದ್ದರು" ಅಂದೆ ನಾನು.

ಆಗ ಸುಮಕ್ಕ ನಕ್ಕರು. ಅವರು ಒಂದು ಪಂಪ್ ಕಂಪನಿಯಲ್ಲಿ ಖರೀದಿ ವಿಭಾಗದ ಮ್ಯಾನೇಜರು. ಭಟ್ಟರು ದೇವರ ಪ್ರಸಾದದಂತೆ ಕಣ್ಣಿಗೆ ಒತ್ತಿಕೊಳ್ಳುವ ಆ ಸಂಖ್ಯೆ ಹುಟ್ಟುವುದು ಇವರಂಥವರು ಕೊಡುವ ಉತ್ತರಗಳಿಂದಲೇ.

"ಅದರಲ್ಲಿ ಅಂಥ ವಿಜ್ಞಾನ ಏನಿಲ್ಲ ಕಣ್ರೀ" ಅಂದರು. "ತಿಂಗಳಿಗೊಮ್ಮೆ ಒಂದು ಫಾರ್ಮ್ ಬರುತ್ತೆ. ಹೋದ ತಿಂಗಳಿಗಿಂತ ಆರ್ಡರ್ ಜಾಸ್ತಿಯಾ, ಅಷ್ಟೇನಾ, ಕಡಿಮೆಯಾ? ಉತ್ಪಾದನೆ? ಕೆಲಸಗಾರರು? ಟಿಕ್ ಹಾಕಿ ಕಳಿಸಿದರೆ ಆಯ್ತು. ಜಾಸ್ತಿ ಅಂದವರ ಪಾಲಿಗೆ, ಅಷ್ಟೇ ಅಂದವರ ಪಾಲಿನ ಅರ್ಧ ಸೇರಿಸುತ್ತಾರೆ. ಇಂಥ ಐದು ಪ್ರಶ್ನೆಗಳ ಉತ್ತರ ಬೆರೆಸಿ ಬಂದದ್ದೇ ನಿಮ್ಮ ಪಿಎಂಐ."

ಭಟ್ಟರು ಅಲ್ಲೇ ಪ್ರಯೋಗಕ್ಕೆ ಇಳಿದರು. ರಾಜಣ್ಣನ ಬಿಸಿಬೇಳೆಬಾತ್ ಹೋದ ತಿಂಗಳಿಗಿಂತ ಹೇಗಿದೆ? ಚೆನ್ನಾಗಿದೆ ಅಂತ ಇಬ್ಬರು, ಅದರಲ್ಲಿ ಒಬ್ಬರು ಸ್ವತಃ ರಾಜಣ್ಣ. ಅಷ್ಟೇ ಅಂತ ಇಬ್ಬರು. ಖಾರ ಕಡಿಮೆ ಅಂತ ಸೀನ. ನಲವತ್ತಕ್ಕೆ ಇಪ್ಪತ್ತು ಸೇರಿಸಿ, "ಬೇಳೆಬಾತ್ ಸೂಚ್ಯಂಕ 60! ಭಾರೀ ಬೆಳವಣಿಗೆ!" ಅಂತ ಭಟ್ಟರು ಘೋಷಿಸಿದರು. ರಾಜಣ್ಣ ಹಿಗ್ಗಿ ಹೀರೇಕಾಯಿಯಾದರು.

"ಸರಿ, ಆದರೆ ಹೋದ ತಿಂಗಳು ತಳ ಹಿಡಿದು ಸೀದು ಹೋಗಿತ್ತಲ್ಲ?" ಅಂದರು ಸುಮಕ್ಕ.

ಒಂದು ನಿಮಿಷ ಯಾರೂ ಮಾತಾಡಲಿಲ್ಲ. ನೋಡಿ, ಪಿಎಂಐ ಸುದ್ದಿ ಓದುವಾಗ ಮರೆತುಹೋಗುವುದು ಇದೇ. ಐವತ್ತು ದಾಟಿತು ಅಂದರೆ ಹೋದ ತಿಂಗಳಿಗಿಂತ ಪರವಾಗಿಲ್ಲ ಅಂತ ಅರ್ಥ, ಅಷ್ಟೇ. ಮೂರು ವರ್ಷ ಜಾರಿದವನು ಒಂದು ಮೆಟ್ಟಿಲು ಹತ್ತಿದರೂ ಅಲ್ಲಿ 50.7 ಬರುತ್ತದೆ. ಅವನು ಯಾವ ಬಾವಿಯೊಳಗೆ ಇದ್ದಾನೆ ಅನ್ನುವುದನ್ನು ಆ ಸಂಖ್ಯೆ ಹೇಳುವುದಿಲ್ಲ.

"ಇನ್ನೊಂದು ತಮಾಷೆ ಇದೆ" ಅಂತ ಸುಮಕ್ಕ ಮುಂದುವರಿಸಿದರು. "ಸರಕು ತಡವಾಗಿ ಬಂದರೆ ಸೂಚ್ಯಂಕ ಮೇಲೇರುತ್ತೆ. ತಡ ಅಂದರೆ ಸಪ್ಲೈಯರ್‌ಗೆ ಕೈತುಂಬ ಕೆಲಸ ಇದೆ ಅಂತ ಲೆಕ್ಕ. 2021ರಲ್ಲಿ ಅರವತ್ತು ದಾಟಿತ್ತು ಗೊತ್ತಲ್ಲ? ಬೇಡಿಕೆ ಇತ್ತು, ನಿಜ. ಆದರೆ ಚಿಪ್ ಸಿಗದೆ, ಹಡಗು ಬಾರದೆ ನಾವು ತಲೆ ಮೇಲೆ ಕೈ ಹೊತ್ತು ಕೂತಿದ್ದೆವಲ್ಲ, ಅದೂ ಒಳ್ಳೆಯ ಲಕ್ಷಣದ ಲೆಕ್ಕಕ್ಕೇ ಹೋಯಿತು."

ಸೀನ ತಟ್ಟೆ ಕೆಳಗಿಟ್ಟ. "ಅಂದರೆ ನಾನು ಒಂದೂವರೆ ಗಂಟೆ ತಡವಾಗಿ ಬಂದದ್ದು ಯುರೋಪಿನ ಆರ್ಥಿಕತೆಗೆ ಒಳ್ಳೆಯದು!"

"ನಿನ್ನ ಹೆಂಡತಿಗೆ ಹೇಳಿ ನೋಡು" ಅಂದರು ರಾಜಣ್ಣ.

ಸೀನನ ನಾಲ್ಕು ದಿನದ ಕೆಲಸಕ್ಕೆ ಇಲ್ಲಿ ಕುರ್ಟ್ಸ್‌ಆರ್ಬೈಟ್ ಅಂತಾರೆ. ಆರ್ಡರ್ ಇಲ್ಲದಾಗ ಕಂಪನಿ ಜನರನ್ನು ಮನೆಗೆ ಕಳಿಸುವುದಿಲ್ಲ, ಕೆಲಸದ ಗಂಟೆ ಇಳಿಸುತ್ತದೆ. ಕಡಿತವಾದ ಗಂಟೆಗಳ ಕೈಗೆ ಬರುವ ಸಂಬಳದಲ್ಲಿ 60 ಪರ್ಸೆಂಟನ್ನು ಸರ್ಕಾರದ ಉದ್ಯೋಗ ಸಂಸ್ಥೆ ತುಂಬಿಕೊಡುತ್ತದೆ. ಮಕ್ಕಳಿದ್ದರೆ 67. "ಆ ಏಳು ಪರ್ಸೆಂಟ್ ನನ್ನ ಮಗಳ ಸಂಪಾದನೆ" ಅಂತ ಸೀನ ಹೆಮ್ಮೆಯಿಂದ ಹೇಳಿಕೊಳ್ಳುತ್ತಾನೆ. "ಮೂರು ವರ್ಷದ ಕೂಸು, ಆಗಲೇ ಮನೆಗೆ ದುಡಿದು ಹಾಕುತ್ತಿದೆ." ಶುಕ್ರವಾರ ಅವನಿಗೆ ರಜೆ. ಆವತ್ತು ಹೆಂಡತಿ ಅವನಿಂದ ಇಡೀ ವಾರದ ತೆಂಗಿನಕಾಯಿ ತುರಿಸುತ್ತಾಳೆ. ಒಟ್ಟಿನಲ್ಲಿ ಜರ್ಮನಿಯ ಉತ್ಪಾದನೆ ಪೂರ್ತಿ ನಿಂತಿಲ್ಲ.

"ಇದೆಲ್ಲ ಶುರುವಾದದ್ದು ಗ್ಯಾಸಿನಿಂದ" ಅಂದರು ಭಟ್ಟರು. ಉಕ್ರೇನ್ ಯುದ್ಧಕ್ಕೆ ಮುಂಚೆ ಜರ್ಮನಿ ತರಿಸುತ್ತಿದ್ದ ಗ್ಯಾಸಿನಲ್ಲಿ ಅರ್ಧಕ್ಕಿಂತ ಜಾಸ್ತಿ ರಷ್ಯಾದ್ದು. 2021ರ ಶುರುವಿನಲ್ಲಿ ಮೆಗಾವ್ಯಾಟ್ ಗಂಟೆಗೆ 20 ಯೂರೋ ಆಸುಪಾಸಿನಲ್ಲಿ ಇದ್ದ ಅದರ ಬೆಲೆ 2022ರ ಆಗಸ್ಟ್‌ನಲ್ಲಿ 300 ದಾಟಿತು. ಮರು ತಿಂಗಳೇ ಸಮುದ್ರದ ತಳದಲ್ಲಿ ರಷ್ಯಾದ ಗ್ಯಾಸು ತರುವ ನಾರ್ಡ್ ಸ್ಟ್ರೀಮ್ ಪೈಪುಗಳು ಸ್ಫೋಟಗೊಂಡವು. ಅದು ಸಾಲದು ಅಂತ 2023ರ ಏಪ್ರಿಲ್‌ನಲ್ಲಿ ಉಳಿದ ಮೂರು ಅಣು ಸ್ಥಾವರಗಳನ್ನೂ ಮುಚ್ಚಿದರು. ಈ ಕೊನೆಯ ವಿಷಯಕ್ಕೆ ಸುಮಕ್ಕನಿಗೂ ಭಟ್ಟರಿಗೂ ಪ್ರತಿ ತಿಂಗಳೂ ಜಗಳ ಆಗುತ್ತದೆ, ಅದನ್ನು ಇಲ್ಲಿ ಬರೆಯುವುದಿಲ್ಲ, ಮೈಸೂರುಪಾಕ್ ಡಬ್ಬಿ ಮುಚ್ಚಿಟ್ಟುಕೊಳ್ಳುವ ಮಟ್ಟಕ್ಕೆ ಹೋಗುತ್ತದೆ ಅಂದರೆ ಸಾಕು.

"ಸಿಲಿಂಡರ್ ರೇಟು ಏರಿತು ಅಂತ ಯಾರಾದರೂ ಹೋಟೆಲ್ ಮುಚ್ಚುತ್ತಾರಾ? ದೋಸೆಗೆ ಹತ್ತು ರೂಪಾಯಿ ಏರಿಸಿದರೆ ಆಯ್ತಪ್ಪ" ಅಂದರು ರಾಜಣ್ಣ.

"ಎದುರಿನ ಹೋಟೆಲಿನಲ್ಲಿ ಹಳೇ ರೇಟೇ ಇದ್ದರೆ? ಅಮೆರಿಕದವನಿಗೆ ಗ್ಯಾಸು ನಾಲ್ಕೈದು ಪಟ್ಟು ಅಗ್ಗ, ಕರೆಂಟು ಎರಡು ಮೂರು ಪಟ್ಟು. ದ್ರಾಗಿ ವರದಿಯಲ್ಲೇ ಇದೆ" ಅಂದರು ಭಟ್ಟರು. 2024ರಲ್ಲಿ ಇಟಲಿಯ ಹಳೇ ಪ್ರಧಾನಿ ಮಾರಿಯೋ ದ್ರಾಗಿ ಯುರೋಪ್ ಒಕ್ಕೂಟಕ್ಕೆ ಕೊಟ್ಟ, ಸುಮಾರು 400 ಪುಟದ ವರದಿ ಅದು. ಅದನ್ನು ಪೂರ್ತಿ ಓದಿದ್ದೇನೆ ಅಂತ ಹೇಳಿಕೊಳ್ಳುವ, ನನಗೆ ಗೊತ್ತಿರುವ ಏಕೈಕ ಮನುಷ್ಯ ನಮ್ಮ ಭಟ್ಟರು.

ಸುಮಕ್ಕ ಇದನ್ನು ಇನ್ನೂ ಚೆನ್ನಾಗಿ ಬಿಡಿಸಿದರು. ಲುಡ್ವಿಗ್ಸ್‌ಹಾಫೆನ್‌ನಲ್ಲಿ ಬಿಎಎಸ್‌ಎಫ್‌ನ ಕೆಮಿಕಲ್ ಕಾರ್ಖಾನೆ ಇದೆ. ಕಾರ್ಖಾನೆ ಅನ್ನುವುದಕ್ಕಿಂತ ಒಂದು ಪಟ್ಟಣ, ಹತ್ತು ಚದರ ಕಿಲೋಮೀಟರ್. ಅಮೋನಿಯಾ ಮಾಡುವವರಿಗೆ ಗ್ಯಾಸು ಬರೀ ಒಲೆಗೆ ಬೇಕಾದ ಉರುವಲಲ್ಲ, ಅದರಿಂದಲೇ ಮಾಲು ತಯಾರಾಗಬೇಕು. "ರಾಜಣ್ಣ, ನಿಮ್ಮ ಹೋಟೆಲಿನಲ್ಲಿ ಸಿಲಿಂಡರೂ ಗ್ಯಾಸೇ, ಅಕ್ಕಿನೂ ಗ್ಯಾಸೇ, ಉದ್ದಿನಬೇಳೆನೂ ಗ್ಯಾಸೇ ಅಂದುಕೊಳ್ಳಿ. ಆಗ ಎಷ್ಟು ಏರಿಸುತ್ತೀರಿ?" ಅಂತ ಕೇಳಿದರು. ರಾಜಣ್ಣ ತಲೆ ಕೆರೆದುಕೊಂಡರು. ಬಿಎಎಸ್‌ಎಫ್ 2023ರಲ್ಲಿ ಅಲ್ಲಿನ ಒಂದು ಅಮೋನಿಯಾ ಘಟಕ ಮುಚ್ಚುವುದಾಗಿ ಹೇಳಿತು. ಅತ್ತ ಚೀನಾದ ಝಾಂಜಿಯಾಂಗ್‌ನಲ್ಲಿ ಸುಮಾರು 1,000 ಕೋಟಿ ಯೂರೋ ಸುರಿದು ಹೊಸದು ಕಟ್ಟುವ ಕೆಲಸವೂ ನಡೆದಿತ್ತು.

ಚೀನಾ ಅಂದ ಕೂಡಲೇ ಸೀನನ ಮುಖ ಸಪ್ಪಗಾಯಿತು. ಎಷ್ಟೋ ವರ್ಷ ಚೀನಾದಲ್ಲಿ ಎಲ್ಲಕ್ಕಿಂತ ಜಾಸ್ತಿ ಮಾರುತ್ತಿದ್ದ ಕಾರು ವೋಕ್ಸ್‌ವ್ಯಾಗನ್. 2023ರಲ್ಲಿ ಚೀನಾದ್ದೇ ಕಂಪನಿ ಬಿವೈಡಿ ಆ ಜಾಗ ಕಿತ್ತುಕೊಂಡಿತು. ಗುರುವಿಗೇ ತಿರುಮಂತ್ರ. ಆಮೇಲೆ ಅದೇ ಬಿವೈಡಿ ಹಂಗೇರಿಯ ಸೆಗೆಡ್‌ನಲ್ಲಿ ಕಾರ್ಖಾನೆ ಕಟ್ಟಲು ಶುರು ಮಾಡಿತು. ಬಾರ್ಸಿಲೋನಾದಲ್ಲಿ ನಿಸಾನ್ ಬಿಟ್ಟುಹೋದ ಜಾಗಕ್ಕೆ ಚೀನಾದ ಚೆರಿ ಬಂದಿದೆ.

"ನನ್ನ ಕಷ್ಟ ಬೇರೆ ಕಣ್ರೋ" ಅಂದ ಸೀನ. "ನಾನು ಎಂಟು ಗೇರಿನ ಗೇರ್‌ಬಾಕ್ಸ್ ಮಾಡುವವನು. ಹದಿನಾಲ್ಕು ವರ್ಷ ಅದನ್ನೇ ಮಾಡಿದ್ದೀನಿ. ಎಲೆಕ್ಟ್ರಿಕ್ ಕಾರಿಗೆ ಸಾಮಾನ್ಯವಾಗಿ ಒಂದೇ ಗೇರು. ಎಂಟು ಮಕ್ಕಳ ಮನೆಗೆ ಪಾಠ ಹೇಳುತ್ತಿದ್ದ ಮೇಷ್ಟ್ರ ಹಾಗೆ ಆಯ್ತು ನನ್ನ ಗತಿ. ಈಗ ಒಂದೇ ಮಗು, ಅದಕ್ಕೂ ಆನ್‌ಲೈನ್ ಟ್ಯೂಷನ್."

ರಾಜಣ್ಣ ಅವನ ತಟ್ಟೆಗೆ ಇನ್ನೊಂದು ಸೌಟು ಬಡಿಸಿದರು. ಅವರ ತಂದೆ ಆಡುಗೋಡಿಯ ಮೈಕೋದಲ್ಲಿ ಸ್ಪಾರ್ಕ್ ಪ್ಲಗ್ ಮಾಡುತ್ತಾ ರಿಟೈರ್ ಆದವರು. ಮೈಕೋ ಈಗ ಬಾಷ್, ಅದರ ಮೂಲ ಊರು ಇದೇ ಸ್ಟುಟ್‌ಗಾರ್ಟ್. ಎಲೆಕ್ಟ್ರಿಕ್ ಕಾರಿಗೆ ಪ್ಲಗ್ಗೂ ಬೇಡ ಅನ್ನುವುದನ್ನು ಆ ಮುದುಕರಿಗೆ ರಾಜಣ್ಣ ಇನ್ನೂ ಹೇಳಿಲ್ಲವಂತೆ.

ಮನಸ್ಸು ಹಗುರ ಮಾಡಲು ನಾನು ಸಾಸೇಜ್ ವಿಷಯ ತೆಗೆದೆ. ಇದು ಕಟ್ಟುಕಥೆ ಅಲ್ಲ. ವೋಕ್ಸ್‌ವ್ಯಾಗನ್‌ನವರು 1973ರಿಂದ ವೋಲ್ಫ್ಸ್‌ಬರ್ಗ್‌ನಲ್ಲಿ ತಮ್ಮದೇ ಸಾಸೇಜ್ ಮಾಡುತ್ತಾರೆ. ಅದಕ್ಕೆ ಕಾರಿನ ಬಿಡಿಭಾಗದ ಹಾಗೆ ಪಾರ್ಟ್ ನಂಬರೇ ಇದೆ, 199 398 500 ಎ. 2024ರಲ್ಲಿ ಅವರು ಮಾರಿದ ಸಾಸೇಜು ಸುಮಾರು 85 ಲಕ್ಷ. ವೋಕ್ಸ್‌ವ್ಯಾಗನ್ ಹೆಸರಿನ ಕಾರು ಸುಮಾರು 48 ಲಕ್ಷ.

"ತಡಿ ತಡಿ" ಅಂದರು ಭಟ್ಟರು. "ಆಡಿ, ಸ್ಕೋಡಾ ಎಲ್ಲ ಸೇರಿಸಿದರೆ ಇಡೀ ಗ್ರೂಪಿನದು 90 ಲಕ್ಷ ಆಗುತ್ತೆ. ಕಾರೇ ಜಾಸ್ತಿ."

"ಕಂಪನಿ ಮಾನ ಉಳೀತು ಬಿಡಿ" ಅಂದರು ಸುಮಕ್ಕ.

2021ರಲ್ಲಿ ಕೇಂದ್ರ ಕಚೇರಿಯ ಒಂದು ಕ್ಯಾಂಟೀನಿನಲ್ಲಿ ಮಾಂಸ ಬೇಡ ಅಂತ ಆ ಸಾಸೇಜನ್ನು ತೆಗೆದಿದ್ದರು. ಆಗ ಹಳೇ ಚಾನ್ಸಲರ್ ಗೆರ್ಹಾರ್ಡ್ ಶ್ರೋಡರ್ ಅವರೇ ಗಲಾಟೆ ಮಾಡಿದರು. 2023ರಲ್ಲಿ ಅದು ವಾಪಸ್ ಬಂತು. ಜನರಿಗೆ ಅಷ್ಟು ಸುಲಭವಾಗಿ ವಾಪಸ್ ಬರುವ ಯೋಗ ಇಲ್ಲ. 2024ರ ಡಿಸೆಂಬರ್‌ನಲ್ಲಿ ಕಾರ್ಮಿಕ ಸಂಘದ ಜೊತೆ ಸುಮಾರು 70 ಗಂಟೆ ಮಾತುಕತೆ ನಡೆಸಿ, 2030ರೊಳಗೆ 35,000ಕ್ಕೂ ಹೆಚ್ಚು ಕೆಲಸ ಕಡಿಮೆ ಮಾಡುವುದು ಅಂತ ತೀರ್ಮಾನವಾಯಿತು.

ಬ್ರಸೆಲ್ಸ್‌ನ ಆಡಿ ಕಾರ್ಖಾನೆಯ ಕಥೆ ಇನ್ನೂ ಮಜಾ. ಮುಚ್ಚುತ್ತಾರೆ ಅನ್ನುವ ಸುದ್ದಿ ಬಲವಾದಾಗ, ನಮ್ಮ ಗತಿ ಏನು ಅಂತ ಮೊದಲು ಹೇಳಿ ಅಂತ ಕೆಲಸಗಾರರು ಸುಮಾರು 200 ಹೊಸ ಕಾರುಗಳ ಕೀ ಎತ್ತಿಟ್ಟುಕೊಂಡರು. "ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿಕೊಂಡ ಅತ್ತೆ ತರಹ!" ಅಂತ ರಾಜಣ್ಣ ಬಿದ್ದು ಬಿದ್ದು ನಕ್ಕರು. ಅತ್ತೆಯ ಆಟ ಜಾಸ್ತಿ ದಿನ ನಡೆಯಲಿಲ್ಲ. 2025ರ ಫೆಬ್ರವರಿ ಕೊನೆಗೆ ಕಾರ್ಖಾನೆ ಮುಚ್ಚಿಯೇ ಹೋಯಿತು.

ಈ ನಗುವಿಗೆ ಕಾಲಿಂಗ್ ಬೆಲ್ ಆಯಿತು. ಕೆಳಗಿನ ಮನೆ ಅಜ್ಜಿ. "ಭಾನುವಾರ" ಅಂತ ಒಂದೇ ಪದ ಅಂದರು. ರಾಜಣ್ಣ ಒಂದು ಬಟ್ಟಲು ಬಿಸಿಬೇಳೆಬಾತ್ ಕೊಟ್ಟರು. ಅಜ್ಜಿ ಮೂಸಿ ನೋಡಿ, ಸೀನನ ಪಕ್ಕ ಇದ್ದ ಡ್ರಿಲ್ಲನ್ನೂ ಒಮ್ಮೆ ನೋಡಿ, ಬಟ್ಟಲು ತೆಗೆದುಕೊಂಡು ಇಳಿದರು.

ಆಮೇಲೆ ದನಿ ತಗ್ಗಿಸಿ ಮಾತಾಡಿದೆವು. ಇಟಲಿಯಲ್ಲಿ ಸ್ಟೆಲಾಂಟಿಸ್ ಕಂಪನಿ, ಅಂದರೆ ಹಳೇ ಫಿಯಟ್‌ನವರು, 2024ರಲ್ಲಿ ಮಾಡಿದ ಗಾಡಿಗಳು 4,75,090, ಅದರಲ್ಲಿ ಕಾರುಗಳ ಲೆಕ್ಕ 1956ರಿಂದೀಚೆಗೆ ಎಲ್ಲಕ್ಕಿಂತ ಕಡಿಮೆ. ಇಂಗ್ಲೆಂಡಿನ ಸ್ಕನ್‌ಥೋರ್ಪ್‌ನಲ್ಲಿ ಉಕ್ಕಿನ ಕಾರ್ಖಾನೆಯ ಊದುಕುಲುಮೆ ಆರಿಹೋಗುತ್ತದೆ ಅಂತ 2025ರ ಏಪ್ರಿಲ್‌ನಲ್ಲಿ ಶನಿವಾರವೇ ಪಾರ್ಲಿಮೆಂಟ್ ಕರೆದರು. ಊದುಕುಲುಮೆ ನಂದಾದೀಪ ಇದ್ದ ಹಾಗೆ, ಆರಿ ತಣ್ಣಗಾದರೆ ಮತ್ತೆ ಹೊತ್ತಿಸುವುದು ಬಹಳ ಕಷ್ಟ. ಜರ್ಮನಿಯ ಗೋರ್ಲಿಟ್ಸ್‌ನಲ್ಲಿ ಸುಮಾರು 175 ವರ್ಷದಿಂದ ರೈಲು ಬೋಗಿ ಮಾಡುತ್ತಿದ್ದ ಕಾರ್ಖಾನೆ ಇನ್ನು ಮುಂದೆ ಸೇನೆಯ ಟ್ಯಾಂಕ್ ಭಾಗ ಮಾಡುತ್ತದಂತೆ. ಸೀನ ಕಿವಿ ನೆಟ್ಟಗೆ ಮಾಡಿದ. "ಟ್ಯಾಂಕಿಗೆ ಗೇರ್ ಎಷ್ಟು?"

ಯಾರಿಗೂ ನಗು ಬರಲಿಲ್ಲ. ಅವನು ನಿಜವಾಗಿಯೇ ಕೇಳಿದ್ದ.

"ಅಷ್ಟೊಂದು ಅಳಬೇಡಿ" ಅಂದರು ಸುಮಕ್ಕ. ಅವರಿಗೆ ಇಲ್ಲಿನ ಮಷೀನುಗಳ ಮೇಲೆ ಭಕ್ತಿ. ಜಗತ್ತಿನ ಅತ್ಯಂತ ಸೂಕ್ಷ್ಮ ಚಿಪ್ ಕೆತ್ತುವ ಇಯುವಿ ಮಷೀನು ಮಾಡುವವರು ಒಬ್ಬರೇ, ನೆದರ್‌ಲ್ಯಾಂಡ್ಸ್‌ನ ಎಎಸ್‌ಎಂಎಲ್. ಅದರ ಕನ್ನಡಿ ಓಬರ್‌ಕೋಖೆನ್‌ನ ಝೈಸ್‌ನವರದು, ಲೇಸರ್ ಇಲ್ಲೇ ಪಕ್ಕದ ಡಿಟ್ಸಿಂಗೆನ್‌ನ ಟ್ರುಂಫ್‌ನವರದು. ಆ ಲೇಸರು ಉದುರುವ ತವರದ ಹನಿಗಳಿಗೆ ಸೆಕೆಂಡಿಗೆ 50,000 ಸಲ ಗುರಿಯಿಟ್ಟು ಹೊಡೆಯುತ್ತದೆ. "ಒಂದೂ ತಪ್ಪಬಾರದು. ನೀವು ಒಗ್ಗರಣೆಗೆ ಸಾಸಿವೆ ಹಾಕಿದರೆ ಅರ್ಧ ನೆಲಕ್ಕೆ" ಅಂದರು.

ಮಾತು ನಿಜ. ಈ ಖಂಡಕ್ಕೆ ಕೈಕಸುಬು ಮರೆತುಹೋಗಿಲ್ಲ. ಆದರೆ ನನಗೆ ಅನ್ನಿಸುವುದು ಇಷ್ಟು: ತವರದ ಹನಿಗೆ ಹೊಡೆಯುವ ಕೆಲಸಕ್ಕೆ ಬೇಕಾಗುವ ಜನ ಕಡಿಮೆ, ಗೇರ್‌ಬಾಕ್ಸ್ ಬಿಟ್ಟು ಬರುವ ಜನ ಜಾಸ್ತಿ. ಅಗ್ಗದ ಗ್ಯಾಸು, ಚೀನಾದ ಗಿರಾಕಿ, ಸದಾ ಕಾಯುವ ಅಮೆರಿಕದ ಅಣ್ಣ, ಈ ಮೂರು ಕಲ್ಲಿನ ಮೇಲೆ ಒಲೆ ಹೂಡಿದ್ದರು. ಈಗ ಗ್ಯಾಸು ದುಬಾರಿ, ಗಿರಾಕಿ ಎದುರು ಅಂಗಡಿ ಇಟ್ಟಿದ್ದಾನೆ, ಅಣ್ಣನೇ 2025ರಲ್ಲಿ 15 ಪರ್ಸೆಂಟ್ ಸುಂಕ ಹಾಕಿದ. ಇದನ್ನು ಹೇಳಿದಾಗ ಭಟ್ಟರು "50.7, 50.7" ಅಂತ ಜಪ ಮಾಡಿದರು. ಹೊರಡುವಾಗ ಉಳಿದ ಮೈಸೂರುಪಾಕನ್ನು ಸೀನನ ಮಗಳಿಗೆ ಕಟ್ಟಿಕೊಟ್ಟರು, ದುಡಿಯುವ ಮಗು ಅಂತ. ಡ್ರಿಲ್ಲನ್ನು ಸೀನ ಅಲ್ಲೇ ಬಿಟ್ಟುಹೋದ.

ಶನಿವಾರ ಶೆಲ್ಫ್ ಹೊಡೆಯಲು ಬರುತ್ತೇನೆ ಅಂದಿದ್ದ. ರಾಜಣ್ಣ ಹತ್ತು ಗಂಟೆಗೆ ಬಾ ಅಂದರೆ, ನಮ್ಮ ಅಷ್ಟು ವರ್ಷದ ಸ್ನೇಹದಲ್ಲಿ ಮೊದಲ ಸಲ ಹತ್ತಕ್ಕೆ ಐದು ನಿಮಿಷ ಮುಂಚೆ ಬಂದು ನಿಂತನಂತೆ.

ಅಕ್ಟೋಬರ್ ಒಂದನೇ ತಾರೀಕು ಭಟ್ಟರು ಗ್ರೂಪಿಗೆ ಒಂದು ಸಾಲು ಹಾಕಿದರು. ಸೆಪ್ಟೆಂಬರ್ ಪಿಎಂಐ 49.8.

ತುಂಬ ಹೊತ್ತು ಯಾರೂ ಉತ್ತರ ಕೊಡಲಿಲ್ಲ. ಕೊನೆಗೆ ಸೀನ ಬರೆದ: "ಕ್ಷಮಿಸಿ, ನಾನು ಸಮಯಕ್ಕೆ ಸರಿಯಾಗಿ ಬರಬಾರದಿತ್ತು."