ಸಹಾಯ ಬೇಕು: ಬೊಲಿವಿಯಾ ರಾಜಧಾನಿ ಯಾವುದು ಅಂತ ಬರೆಯೋದು?

ನಮಸ್ಕಾರ ಎಲ್ಲರಿಗೂ. ಮಗಳು ಏಳನೇ ಕ್ಲಾಸು. ಶಾಲೆಯ ಕ್ವಿಜ್‌ನಲ್ಲಿ ಬೊಲಿವಿಯಾದ ರಾಜಧಾನಿ 'ಸುಕ್ರೆ' ಅಂತ ಬರೆದಿದ್ದಳು. ಕೆಂಪು ಪೆನ್ನಿನಲ್ಲಿ ಹೊಡೆದುಹಾಕಿ, ಪಕ್ಕದಲ್ಲಿ 'ಲಾ ಪಾಜ್' ಅಂತ ತಿದ್ದಿ ಕಳಿಸಿದ್ದಾರೆ. ನಿನ್ನೆ ರಾತ್ರಿ ತಟ್ಟೆ ಮುಂದೆ ಮುಖ ಊದಿಸಿಕೊಂಡು ಕೂತಿದ್ದಳು.

ನನಗೆ ಗೊತ್ತಿರೋದು ಇಷ್ಟು: ಸಂವಿಧಾನದ ಪ್ರಕಾರ ರಾಜಧಾನಿ ಸುಕ್ರೆಯೇ, ಸುಪ್ರೀಂ ಕೋರ್ಟೂ ಅಲ್ಲೇ. ಆದರೆ 1899ರಲ್ಲಿ ಮುಗಿದ ಅಂತರ್ಯುದ್ಧದಲ್ಲಿ ಲಾ ಪಾಜ್ ಕಡೆಯವರು ಗೆದ್ದು, ಸರ್ಕಾರ, ಸಂಸತ್ತು ಎರಡೂ ಅಲ್ಲಿಗೆ ಹೋದವು. ಹಾಗಾದರೆ ಪರೀಕ್ಷೆಯಲ್ಲಿ ಒಂದೇ ಖಾಲಿ ಜಾಗ ಕೊಟ್ಟರೆ ಏನು ತುಂಬಬೇಕು? ಕೆಪಿಎಸ್‌ಸಿ, ಯುಪಿಎಸ್‌ಸಿಗೆ ಓದುತ್ತಿರುವವರು ದಯವಿಟ್ಟು ಹೇಳಿ. ಮೇಷ್ಟ್ರ ಹತ್ತಿರ ಜಗಳಕ್ಕೆ ಹೋಗಲ್ಲ, ಮರ್ಯಾದೆಯಾಗಿ ತೋರಿಸೋಕೆ ಒಳ್ಳೆ ಪುಸ್ತಕದ ಒಂದು ಪುಟ ಸಿಕ್ಕರೆ ಸಾಕು.

ಇನ್ನೊಂದು. ಈ ದೇಶಕ್ಕೆ ಕಡಲೇ ಇಲ್ಲ. 1879ರಲ್ಲಿ ಶುರುವಾದ ಯುದ್ಧದಲ್ಲಿ ಕರಾವಳಿಯನ್ನೆಲ್ಲ ಚಿಲಿ ಕಿತ್ತುಕೊಂಡಿತು. ಆದರೂ ನೌಕಾಪಡೆ ಇದೆ, ಸುಮಾರು 3,800 ಮೀಟರ್ ಎತ್ತರದ ಟಿಟಿಕಾಕಾ ಸರೋವರದಲ್ಲಿ ಓಡಾಡುತ್ತದೆ! ಇದನ್ನು ಹೇಳಿದ ಮೇಲೇ ಮಗಳು ಅನ್ನ ಕಲಸಿದ್ದು. ಹಳೆಯ ಗಡಿ, ಹೊಸ ಗಡಿ ಎರಡೂ ತೋರಿಸುವ ಕನ್ನಡ ಅಟ್ಲಾಸ್ ಯಾರ ಬಳಿಯಾದರೂ ಇದ್ದರೆ ಹೆಸರು ತಿಳಿಸಿ.