ಸಹಾಯ ಬೇಕು: ಜಾತಿ ಸಿಂಧುತ್ವ ವಿಚಾರಣೆಗೆ ಮುನ್ನ ತನಿಖಾ ವರದಿಯ ಪ್ರತಿ ಪಡೆಯುವುದು ಹೇಗೆ?

ಎಲ್ಲರಿಗೂ ನಮಸ್ಕಾರ. ನನ್ನ ಅಣ್ಣನ ಮಗ ಪರಿಶಿಷ್ಟ ಪಂಗಡದ ಮೀಸಲಾತಿಯಲ್ಲಿ ಸರ್ಕಾರಿ ಹುದ್ದೆಗೆ ಆಯ್ಕೆಯಾಗಿದ್ದಾನೆ. ತಹಶೀಲ್ದಾರರು ಕೊಟ್ಟ ಜಾತಿ ಪ್ರಮಾಣಪತ್ರ ಈಗ ಸಿಂಧುತ್ವಕ್ಕಾಗಿ ಜಾತಿ ಪರಿಶೀಲನಾ ಸಮಿತಿಯ ಮುಂದಿದೆ. ತನಿಖಾ ವರದಿ ನಿಮಗೆ ಪೂರಕವಾಗಿಲ್ಲ, ಹಾಜರಾಗಿ ವಿವರಣೆ ನೀಡಿ ಎಂದು ನೋಟಿಸ್ ಬಂದಿದೆ. ವರದಿಯಲ್ಲಿ ಏನಿದೆ ಎಂಬ ಬಗ್ಗೆ ಒಂದು ಸಾಲೂ ಇಲ್ಲ! ಪ್ರತಿ ಕೇಳಿದರೆ ಗುಮಾಸ್ತರು "ಅದು ಗೌಪ್ಯ" ಎಂದು ಕಡತ ಮುಚ್ಚಿದರು. ಆರೋಪವೇ ಗೊತ್ತಿಲ್ಲದೆ ಹುಡುಗ ಯಾವುದಕ್ಕೆ ಉತ್ತರ ಕೊಡಬೇಕು?

ವರದಿ ವಿರುದ್ಧವಾಗಿದ್ದರೆ ಅದರ ಪ್ರತಿಯನ್ನೂ ಲಗತ್ತಿಸಿ ಕಾರಣ ಕೇಳುವ ನೋಟಿಸ್ ಕೊಡಬೇಕು, ಸಾಕ್ಷ್ಯ ಮಂಡಿಸಲು ಅವಕಾಶ ನೀಡಬೇಕು ಎಂದು ಸುಪ್ರೀಂ ಕೋರ್ಟ್ 1994ರ ಮಾಧುರಿ ಪಾಟೀಲ್ ಪ್ರಕರಣದಲ್ಲೇ ಹೇಳಿದೆ. ಸುಳ್ಳು ಪ್ರಮಾಣಪತ್ರ ತಂದವರನ್ನು ಹಿಡಿಯಲಿ, ಅದಕ್ಕೆ ನಮ್ಮ ತಕರಾರಿಲ್ಲ.

ನನ್ನ ಅನುಮಾನ ಇಷ್ಟು: ನಮ್ಮ ಅಪ್ಪನ 1946ರ ಶಾಲಾ ದಾಖಲಾತಿ ಪುಸ್ತಕದಲ್ಲಿ, ಮಾಸಿದ ನೀಲಿ ಶಾಯಿಯಲ್ಲಿ, "ನಾಯಕ" ಎಂದಿದೆ, ಅಣ್ಣನ ವರ್ಗಾವಣೆ ಪತ್ರದಲ್ಲಿ "ತಳವಾರ" ಎಂದಿದೆ. ಪರಿವಾರ ಮತ್ತು ತಳವಾರ ಸಮುದಾಯಗಳನ್ನು ಕೇಂದ್ರ ಸರ್ಕಾರ 2020ರಲ್ಲಿ ನಾಯಕ ಪಂಗಡದ ಪರ್ಯಾಯ ಹೆಸರುಗಳಾಗಿ ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿಸಿದೆ. ಆದರೂ ತನಿಖಾಧಿಕಾರಿ ಇದನ್ನೇ ಹಿಡಿದುಕೊಂಡಿರಬಹುದು.

ಮಾಹಿತಿ ಹಕ್ಕಿನಲ್ಲಿ ಕೇಳಿದರೆ ಉತ್ತರಕ್ಕೆ 30 ದಿನಗಳ ಅವಕಾಶವಿದೆ, ವಿಚಾರಣೆ ಅಷ್ಟರೊಳಗೇ ಇದೆ. ವರದಿಯ ಪ್ರತಿ ಮತ್ತು ಕಾಲಾವಕಾಶ ಕೋರಿ ಸಮಿತಿಗೆ ಅರ್ಜಿ ಕೊಟ್ಟವರು ಯಾರಾದರೂ ಇದ್ದರೆ ಅದರ ಮಾದರಿ ಕಳುಹಿಸಿ. ಸಮಿತಿ ಒಪ್ಪದಿದ್ದರೆ ಈ ಹಂತದಲ್ಲೇ ಹೈಕೋರ್ಟಿಗೆ ಹೋಗಬಹುದೇ, ಆದೇಶ ಬರುವವರೆಗೆ ಕಾಯಬೇಕೇ? ಇಂಥ ಪ್ರಕರಣ ನಡೆಸಿದ ವಕೀಲರು ತಿಳಿಸಿದರೆ ಉಪಕಾರವಾಗುತ್ತದೆ.