ಸೇವಂತಿಗೆಯ ಎಲೆ ‘ಹಣ್ಣಾಗುವುದು’ ಮತ್ತು ‘ಹಳದಿ ಬೀಳುವುದು’: ಎರಡೂ ಒಂದೆಯೇ?

ಗದಗ ಮತ್ತು ಹಾವೇರಿ ಕಡೆಯ ಸೇವಂತಿಗೆ ಬೆಳೆಗಾರರಿಗಾಗಿ ಸಿದ್ಧವಾಗುತ್ತಿರುವ ಸಣ್ಣ ಕೈಪಿಡಿಯೊಂದರ ಕರಡು ತಿದ್ದುವಾಗ ಎದ್ದ ಪ್ರಶ್ನೆಯಿದು. ಬಲ್ಲವರು ದಯವಿಟ್ಟು ತಿಳಿಸಬೇಕು. ಎಲೆ ಯಾವ ಕಾರಣಕ್ಕೆ ಹಳದಿಯಾದರೂ ಕರಡಿನಲ್ಲಿ ಅದಕ್ಕೆ ‘ಹಳದಿ ರೋಗ’ ಎಂಬ ಒಂದೇ ಹೆಸರಿದೆ. ಹೊಲದಲ್ಲಾದರೋ ‘ಎಲಿ ಹಣ್ಣಾಗ್ಯಾವ’, ‘ಎಲಿ ಹಳದಿ ಬಿದ್ದಾವ’ ಎಂಬ ಎರಡು ಮಾತುಗಳು ಕಿವಿಗೆ ಬೀಳುತ್ತವೆ. ಇವುಗಳಲ್ಲಿ ಅರ್ಥಭೇದವಿದೆಯೇ?

ಇದೆ ಎಂದೇ ನನ್ನ ಊಹೆ. ‘ಹಣ್ಣಾಗುವುದು’ ಬುಡದ ಹಳೆಯ ಎಲೆಗೆ ಒಪ್ಪುವ ಮಾತು. ಹಣ್ಣೆಲೆ ಉದುರುವಾಗ ಚಿಗುರೆಲೆ ನಕ್ಕಿತೆಂಬ ಗಾದೆಯಲ್ಲಿಯೂ ಹಣ್ಣಾಗುವುದು ಹಳೆಯದೇ. ಸಾರಜನಕ ಸಾಲದಾದಾಗ ಸೇವಂತಿಗೆಯಲ್ಲಿ ಕಾಣುವುದೂ ಇದೇ: ಗಿಡವು ಹಳೆಯ ಎಲೆಗಳಲ್ಲಿರುವ ಸಾರಜನಕವನ್ನು ಹಿಂದಕ್ಕೆಳೆದು ಚಿಗುರಿಗೆ ಸಾಗಿಸುವುದರಿಂದ, ಕೆಳಗಿನ ಎಲೆಗಳು ನರಸಮೇತ ಒಂದೇ ಸಮನಾಗಿ ಹಳದಿಯಾಗುತ್ತ ಮೇಲಕ್ಕೇರುತ್ತವೆ. ಲೀಟರಿಗೆ ಹತ್ತು ಗ್ರಾಂ ಯೂರಿಯಾ ಕರಗಿಸಿ ಸಿಂಪಡಿಸಿ, ಬುಡಕ್ಕೂ ಗೊಬ್ಬರ ಕೊಟ್ಟರೆ ಮುಂದಿನ ಎಲೆಗಳು ಹಸಿರಾಗಿ ಬರುತ್ತವೆ.

ತೊಡಕಿರುವುದು ಚಿಗುರು ಹಳದಿಯಾಗುವ ಇನ್ನೊಂದು ಬಗೆಯಲ್ಲಿ. ಎರೆ, ಅಂದರೆ ಕಪ್ಪು ಮಣ್ಣಿನ ಭೂಮಿಯಲ್ಲಿ, ಅದರಲ್ಲೂ ಸುಣ್ಣದ ಹರಳು ಹೆಚ್ಚಿರುವ ಕಡೆ, ಮಣ್ಣಿನಲ್ಲಿ ಕಬ್ಬಿಣವಿದ್ದರೂ ಅದು ಬೇರಿಗೆ ದಕ್ಕುವುದಿಲ್ಲ. ಗಿಡದೊಳಗೆ ಕಬ್ಬಿಣವು ಹಳೆಯ ಎಲೆಯಿಂದ ಹೊಸದಕ್ಕೆ ಸುಲಭವಾಗಿ ಸಾಗುವುದೂ ಇಲ್ಲ. ಆದ್ದರಿಂದ ಬುಡದ ಎಲೆ ಹಸಿರಾಗಿಯೇ ಉಳಿದು ತುದಿಯ ಎಲೆ ಹಳದಿಯಾಗುತ್ತದೆ. ಅಂಥ ಎಲೆಯೊಂದನ್ನು ಬಿಸಿಲಿಗೆ ಹಿಡಿದು ನೋಡಿದರೆ ನರಗಳು ಮಾತ್ರ ಹಸಿರು ಗೆರೆಗಳಾಗಿ, ನಡುವಿನ ಭಾಗವೆಲ್ಲ ತಿಳಿ ಹಳದಿಯಾಗಿ ಕಾಣುತ್ತದೆ. ಕೊರತೆ ಬಲಿತರೆ ಎಲೆ ಬಿಳುಪಿಗೇ ತಿರುಗುತ್ತದೆ. ಇದಕ್ಕೆ ಯೂರಿಯಾ ಮದ್ದಲ್ಲ. ನಮ್ಮ ಹಿರಿಯರು ಅನ್ನಭೇದಿ ಎನ್ನುತ್ತಿದ್ದ ಫೆರಸ್ ಸಲ್ಫೇಟನ್ನು ಲೀಟರಿಗೆ ಐದು ಗ್ರಾಮಿನಂತೆ, ಚಿಟಿಕೆ ಸಿಟ್ರಿಕ್ ಆಮ್ಲದೊಂದಿಗೆ ಕರಗಿಸಿ ಸಂಜೆ ಸಿಂಪಡಿಸಬೇಕು. ಈ ಎಲೆಯನ್ನು ‘ಹಣ್ಣಾಗಿದೆ’ ಎನ್ನಲು ನನಗೆ ಮನಸ್ಸೊಪ್ಪದು. ಈಗಷ್ಟೇ ಮೂಡಿದ ಚಿಗುರು ಹಣ್ಣಾಗುವುದೆಂತು?

‘ರೋಗ’ ಎಂಬ ಪದದ ಬಗ್ಗೆಯೂ ನನ್ನ ತಕರಾರಿದೆ. ರೋಗವೆಂದೊಡನೆ ನಮ್ಮ ಭಾಗದ ರೈತ ‘ಎಣ್ಣಿ ಹೊಡೀಬೇಕು’ ಎಂದು ಔಷಧದ ಅಂಗಡಿಗೆ ಹೊರಡುತ್ತಾನೆ. ಬೆಂಡೆಯ ಹಳದಿ ನಂಜು ರೋಗವೇನೋ ನಿಜವಾದ ರೋಗ; ಅದು ಬಿಳಿ ನೊಣದಿಂದ ಹರಡುವ ವೈರಸ್ಸು, ಅಲ್ಲಿ ಮೊದಲು ಹಳದಿಯಾಗುವುದು ನರವೇ. ಸೇವಂತಿಗೆಗೂ ಅದೇ ಹೆಸರಿಟ್ಟರೆ ಬೆಂಡೆಯ ಔಷಧವೇ ಇಲ್ಲಿಗೂ ಬಂದೀತು. ಕಪ್ಪು ಚುಕ್ಕೆಯ ಸುತ್ತ ಹಳದಿಯಾಗುವ ಎಲೆಚುಕ್ಕೆ ರೋಗವನ್ನೂ, ಎಲೆಯ ಅಡಿಯಲ್ಲಿ ಸಣ್ಣ ಬಲೆ ಹೆಣೆಯುವ ನುಸಿಯನ್ನೂ ಅವುಗಳ ಹೆಸರಿನಿಂದಲೇ ಕರೆದರೆ ಸಾಕು.

ನೀರು ನಿಂತು ಹಳದಿಯಾಗುವುದಕ್ಕೆ ಪದ ಹುಡುಕಬೇಕಾಗಿಲ್ಲ, ‘ಜವಳು’ ಇದ್ದೇ ಇದೆ. ಮಸಾರಿ ಎನ್ನುವ ಕೆಂಪು ಮಣ್ಣಿಗಿಂತ ಎರೆಯಲ್ಲಿ ಈ ಕಾಟ ಹೆಚ್ಚು. ಬೇರಿಗೆ ಗಾಳಿಯಾಡದೆ ಗಿಡ ಹಳದಿ ತಿರುಗಿ, ಮಣ್ಣು ಹಸಿಯಾಗಿರುವಾಗಲೇ ಜೋಲುಬೀಳುತ್ತದೆ. ಬಾಡಿತೆಂದು ಇನ್ನಷ್ಟು ನೀರು ಬಿಡದೆ, ಬಸಿಗಾಲುವೆ ತೆಗೆದು ಏರುಮಡಿಯ ಮೇಲೆ ನಾಟಿ ಮಾಡುವುದೇ ಇದಕ್ಕೆ ಉಪಾಯ. ‘ಜವಳು ಹಳದಿ’ ಎಂದು ಬರೆದರೆ ಕಾರಣವೂ ಹೆಸರಿನಲ್ಲೇ ಸೇರುತ್ತದೆ ಎನಿಸಿ ಕರಡಿನಲ್ಲಿ ಹಾಗೆ ತಿದ್ದಿದ್ದೇನೆ.

ಉಳಿದಿರುವುದು ನರ ಹಸಿರಾಗಿದ್ದು ಚಿಗುರು ಹಳದಿಯಾಗುವ ಸ್ಥಿತಿ. ಪಠ್ಯಪುಸ್ತಕದ ‘ಪತ್ರಹರಿತ್ತಿನ ಕೊರತೆ’ ಎಲ್ಲ ಬಗೆಯ ಹಳದಿಗೂ ಅನ್ವಯಿಸುವುದರಿಂದ ಇಲ್ಲಿ ಪ್ರಯೋಜನವಿಲ್ಲ. ‘ಚಿಗುರು ಬಿಳಿಚುವುದು’ ಎಂದು ಬರೆಯಬಹುದೇ? ಧಾರವಾಡ, ಗದಗ, ಹಾವೇರಿ ಸೀಮೆಯ ಹೂವಿನ ಬೆಳೆಗಾರರಲ್ಲಿ ಇದಕ್ಕೆ ಬೇರೆ ಮಾತು ರೂಢಿಯಲ್ಲಿದ್ದರೆ, ಅದನ್ನು ಬಳಸುವ ಪೂರ್ತಿ ವಾಕ್ಯದೊಡನೆ, ಯಾವ ಊರಿನಲ್ಲಿ ಕೇಳಿದ್ದೆಂಬುದನ್ನೂ ತಿಳಿಸಬೇಕಾಗಿ ವಿನಂತಿ.